ಶ್ವಾಂಟೆಕ್ ವಿಂಬಲ್ಡನ್ ಗೆದ್ದದ್ದು 2018ರಲ್ಲೋ, 2025ರಲ್ಲೋ?

ಟೆನಿಸ್ ಆಟಗಾರ್ತಿ ಶ್ವಾಂಟೆಕ್ ಬಗ್ಗೆ ಲೇಖನ ಬರೆಯುತ್ತಿರುವ ನೀವು, ಒಂದು ಪಟ್ಟಿಯಲ್ಲಿ ಅವರ ವಿಂಬಲ್ಡನ್ ಗೆಲುವಿಗೆ 2018, 2025 ಎರಡೂ ವರ್ಷ ಇವೆ, ಯಾವುದು ಸರಿ ಅಂತ ಕೇಳಿದ್ದೀರಿ. ಆ ಪಟ್ಟಿಯಲ್ಲಿ ಜೂನಿಯರ್ ಪ್ರಶಸ್ತಿಗಳೂ ಮಹಿಳೆಯರ ಪ್ರಶಸ್ತಿಗಳೂ ಬೆರೆತುಹೋಗಿವೆ ಅನ್ಸುತ್ತದೆ. ಪಟ್ಟಿ ನನ್ನ ಮುಂದಿಲ್ಲ, ಹಾಗಾಗಿ ಇದು ಊಹೆ. ಆದರೆ ನೀವು ಕೊಟ್ಟ ಎರಡೂ ವರ್ಷ ಸರಿ. ಪೋಲೆಂಡಿನ ಇಗಾ ಶ್ವಾಂಟೆಕ್ 2018ರಲ್ಲಿ ಗೆದ್ದದ್ದು ಬಾಲಕಿಯರ ಸಿಂಗಲ್ಸ್, 2025ರಲ್ಲಿ ಮಹಿಳೆಯರ ಸಿಂಗಲ್ಸ್.

ಮೊದಲು ಜೂನಿಯರ್ ಗೆಲುವುಗಳನ್ನು ಬೇರೆ ಮಾಡಿ. 2018ರಲ್ಲೇ ಫ್ರೆಂಚ್ ಓಪನ್ ಬಾಲಕಿಯರ ಡಬಲ್ಸ್, ಬ್ಯೂನಸ್ ಐರಿಸ್ ಯೂತ್ ಒಲಿಂಪಿಕ್ಸ್‌ನ ಡಬಲ್ಸ್ ಚಿನ್ನ ಕೂಡ ಬಂದವು. ಇವನ್ನು ದೊಡ್ಡವರ ಗ್ರ್ಯಾಂಡ್‌ಸ್ಲಾಮ್ (ಟೆನಿಸ್‌ನ ನಾಲ್ಕು ಅತಿ ದೊಡ್ಡ ಟೂರ್ನಿಗಳ) ಲೆಕ್ಕಕ್ಕೆ ಸೇರಿಸಬೇಡಿ.

ಆಮೇಲೆ 2019 ಬರೆಯಿರಿ. ಪ್ರಶಸ್ತಿ ಇಲ್ಲ ಅಂತ ಜಾಸ್ತಿ ಜನ ಈ ವರ್ಷವನ್ನು ಹಾರಿಸಿಬಿಡುತ್ತಾರೆ, ಅದು ತಪ್ಪು. ಲುಗಾನೊದಲ್ಲಿ ಮೊದಲ ಡಬ್ಲ್ಯುಟಿಎ (ಮಹಿಳೆಯರ ವೃತ್ತಿಪರ ಟೆನಿಸ್) ಫೈನಲ್ ಆಡಿ ಸೋತರು. ಫ್ರೆಂಚ್ ಓಪನ್ ನಾಲ್ಕನೇ ಸುತ್ತಿನಲ್ಲಿ ಸಿಮೋನಾ ಹಾಲೆಪ್ ಎದುರು 6–1, 6–0ರಿಂದ ಸೋಲು. ಇಡೀ ಪಂದ್ಯಕ್ಕೆ ಒಂದೇ ಗೇಮ್! ಮರುವರ್ಷ ಅದೇ ಟೂರ್ನಿ, ಅದೇ ಸುತ್ತು, ಎದುರಿಗೆ ಅದೇ ಹಾಲೆಪ್. ಅಗ್ರ ಶ್ರೇಯಾಂಕ ಹಾಲೆಪ್ ಅವರದೇ. ಶ್ವಾಂಟೆಕ್ 6–1, 6–2ರಿಂದ ಗೆದ್ದರು. ಈ ಎರಡು ಸ್ಕೋರ್‌ಗಳನ್ನು ಅಕ್ಕಪಕ್ಕ ಹಾಕಿ, ಓದುಗರಿಗೆ ತಾನಾಗಿ ಗೊತ್ತಾಗುತ್ತದೆ.

ಕೊನೆಗೆ 2020ರ ಫ್ರೆಂಚ್ ಓಪನ್ ಫೈನಲ್: ಸೋಫಿಯಾ ಕೆನಿನ್ ವಿರುದ್ಧ 6–4, 6–1. ಆಗ ವಯಸ್ಸು 19, ರ‍್ಯಾಂಕ್ 54, ಇಡೀ ಟೂರ್ನಿಯಲ್ಲಿ ಒಂದು ಸೆಟ್ಟೂ ಬಿಡಲಿಲ್ಲ. ಪೋಲೆಂಡಿಗೆ ಸಿಂಗಲ್ಸ್‌ನ ಮೊದಲ ಗ್ರ್ಯಾಂಡ್‌ಸ್ಲಾಮ್ ಇದೇ. ಅವರ ಮೊದಲ ಡಬ್ಲ್ಯುಟಿಎ ಪ್ರಶಸ್ತಿಯೂ ಇದೇ.

ಪ್ರತಿ ಗೆಲುವಿನ ಮುಂದೆ ‘ಬಾಲಕಿಯರ’ ಅಥವಾ ‘ಮಹಿಳೆಯರ’ ಅಂತ ಬರೆದುಬಿಡಿ, ಲೇಖನ ಕಳಿಸಬಹುದು.