ಮೊದಲು ಉತ್ತರ ಪತ್ರಿಕೆ ತರಿಸಿ, ಆಮೇಲೆ ಜಗಳ

ಹಾವೇರಿ ಜಿಲ್ಲೆಯ ಓದುಗರೊಬ್ಬರು ಬರೆದಿದ್ದಾರೆ: ‘ಮಗಳಿಗೆ ಹನ್ನೆರಡನೇ ತರಗತಿಯಲ್ಲಿ ಉಳಿದೆಲ್ಲ ವಿಷಯದಲ್ಲೂ ಎಂಬತ್ತರ ಮೇಲೆ ಬಂದಿದೆ. ಭೌತಶಾಸ್ತ್ರದಲ್ಲಿ ಮಾತ್ರ 38. ಅಂಕಪಟ್ಟಿಯಲ್ಲಿ ನನ್ನ ಹೆಂಡತಿಯ ಹೆಸರೂ ತಪ್ಪಾಗಿದೆ. ಫೋನ್ ಮಾಡಿದರೆ ಮಂಡಳಿಯವರು ಸರಿಯಾಗಿ ಮಾತಾಡುತ್ತಿಲ್ಲ. ಗ್ರಾಹಕರ ಕೋರ್ಟಿಗೆ ಹೋಗೋಣ ಅಂತಿದ್ದೇನೆ. ಏನು ಹೇಳುತ್ತೀರಿ?’

ಅಲ್ಲಿಗೆ ಮಾತ್ರ ಹೋಗಬೇಡಿ. ಆ ದಾರಿ 2009ರಲ್ಲೇ ಮುಚ್ಚಿದೆ. ಬಿಹಾರದ ಪರೀಕ್ಷಾ ಮಂಡಳಿ ಇಬ್ಬರು ಹುಡುಗರಿಗೆ ಒಂದೇ ರೋಲ್ ನಂಬರ್ ಕೊಟ್ಟಿತ್ತು. ಒಬ್ಬನ ಫಲಿತಾಂಶ ಪ್ರಕಟವಾಗಲೇ ಇಲ್ಲ. ಆದರೂ ಸುಪ್ರೀಂ ಕೋರ್ಟ್, ಪರೀಕ್ಷೆ ನಡೆಸುವುದು ಮಂಡಳಿಗೆ ಕಾನೂನು ಒಪ್ಪಿಸಿದ ಕೆಲಸ, ದುಡ್ಡಿಗೆ ಮಾರುವ ಸೇವೆಯಲ್ಲ, ಹಾಗಾಗಿ ವಿದ್ಯಾರ್ಥಿ ಗ್ರಾಹಕನಲ್ಲ ಎಂದಿತು. ಆ ಹುಡುಗನ ಪಾಡು ನೆನೆದರೆ ಈ ತೀರ್ಪು ನನಗೆ ಒಗ್ಗುವುದಿಲ್ಲ. ಆದರೆ ಅದು ಇರುವ ತನಕ ಸುಮ್ನೆ ಅಲೆದಾಟ.

ಅದನ್ನು ಬರೆದವರು ನಮ್ಮ ಹೈಕೋರ್ಟಿನಲ್ಲಿ ನ್ಯಾಯಾಧೀಶರಾಗಿದ್ದ ಆರ್.ವಿ. ರವೀಂದ್ರನ್. ಅವರೇ 2011ರಲ್ಲಿ ಬರೆದ ಇನ್ನೊಂದು ತೀರ್ಪು ನಿಮ್ಮ ಕೈ ಹಿಡಿಯುತ್ತದೆ. ಸಿಬಿಎಸ್‌ಇ ವಿದ್ಯಾರ್ಥಿಯೊಬ್ಬ ತನ್ನ ಉತ್ತರ ಪತ್ರಿಕೆ ತೋರಿಸಿ ಎಂದಿದ್ದ. ಅದು ಗೋಪ್ಯ, ಕೊಡಲ್ಲ ಎಂದಿತು ಮಂಡಳಿ. ಮೌಲ್ಯಮಾಪನ ಆದ ಪತ್ರಿಕೆಯೂ ಮಾಹಿತಿಯೇ, ಮಾಹಿತಿ ಹಕ್ಕಿನಡಿ ಅದನ್ನು ನೋಡಬಹುದು, ಪ್ರತಿ ಪಡೆಯಬಹುದು ಎಂದಿತು ಕೋರ್ಟ್. ಮೌಲ್ಯಮಾಪಕರ ಹೆಸರು ಮಾತ್ರ ಸಿಗುವುದಿಲ್ಲ. ಸಿಗಬಾರದು ಕೂಡ, ಅಲ್ವಾ?

ಆದರೆ ಈಗಲೇ ಆರ್‌ಟಿಐ ಅರ್ಜಿ ಹಾಕಿ ಕೂರಬೇಡಿ. ಅದಕ್ಕೆ ಉತ್ತರ ಕೊಡಲು ಅವರಿಗೆ 30 ದಿನ ಇದೆ. ಅಷ್ಟರಲ್ಲಿ ಮರುಮೌಲ್ಯಮಾಪನದ ಕೊನೇ ದಿನ ದಾಟಿಹೋಗಬಹುದು. ನಮ್ಮ ಎಸ್ಸೆಸ್ಸೆಲ್ಸಿ, ಪಿಯುಸಿಯಲ್ಲಿ ಶುಲ್ಕ ಕಟ್ಟಿದರೆ ಸ್ಕ್ಯಾನ್ ಪ್ರತಿ ಸಿಗುವ ವ್ಯವಸ್ಥೆ ಇದೆ. ಮೊದಲು ಅದನ್ನು ತರಿಸಿ. ಅದು ಕೈತಪ್ಪಿದರೆ ಆರ್‌ಟಿಐ. ಅದರಲ್ಲೂ ತಡ ಮಾಡಬೇಡಿ. ಪತ್ರಿಕೆಗಳನ್ನು ಮಂಡಳಿ ಇಟ್ಟುಕೊಂಡಿರುವಷ್ಟು ದಿನ ಮಾತ್ರ ಈ ಹಕ್ಕು ಎಂದು ಅದೇ ತೀರ್ಪು ಹೇಳಿದೆ.

ಪ್ರತಿ ಬಂದ ಮೇಲೆ ಮಗಳ ಜತೆ ಕೂತು ನೋಡಿ. ಕೈಬರಹ ಅವಳದೇನಾ? ಒಳಪುಟಗಳ ಅಂಕ ಕೂಡಿದರೆ ಮೊದಲ ಪುಟದ ಮೊತ್ತಕ್ಕೆ ತಾಳೆಯಾಗುತ್ತದಾ? ಯಾವುದಾದರೂ ಉತ್ತರದ ಪಕ್ಕ ಅಂಕವೂ ಇಲ್ಲ, ಅಡ್ಡಗೆರೆಯೂ ಇಲ್ಲ ಅನ್ನುವ ಹಾಗಿದೆಯಾ? ಇದ್ದರೆ ಪುಟದ ಸಂಖ್ಯೆ, ಪ್ರಶ್ನೆಯ ಸಂಖ್ಯೆ ಬರೆದಿಟ್ಟುಕೊಳ್ಳಿ. ಇಂಥದ್ದು ಸಿಕ್ಕರೆ ನಿಮ್ಮ ಕೇಸು ಗಟ್ಟಿ. ‘ಮೂರು ಕೊಟ್ಟಿದ್ದಾರೆ, ಐದು ಕೊಡಬೇಕಿತ್ತು’ ಅನ್ನುವುದಷ್ಟೇ ಆದರೆ ಕಷ್ಟ. ಮರುಮೌಲ್ಯಮಾಪನ ನಿಯಮದಲ್ಲಿದ್ದರೆ ಮಾತ್ರ ಹಕ್ಕು ಎಂದು ಸುಪ್ರೀಂ ಕೋರ್ಟ್ 1984ರಲ್ಲೇ ಹೇಳಿದೆ. ನ್ಯಾಯಾಧೀಶರು ತಾವೇ ಕೂತು ಅಂಕ ಹಾಕುವುದಿಲ್ಲ ಎಂದು 2017ರಲ್ಲೂ ಹೇಳಿದೆ.

ಕಣ್ಣಿಗೆ ಕಾಣುವ ತಪ್ಪನ್ನೂ ಮಂಡಳಿ ತಿದ್ದದಿದ್ದರೆ ಹೈಕೋರ್ಟಿನಲ್ಲಿ ರಿಟ್ ಅರ್ಜಿ, ಅಂದರೆ ಮಂಡಳಿ ತನ್ನ ಕರ್ತವ್ಯ ಮಾಡುವಂತೆ ಆದೇಶಿಸಿ ಎಂದು ಕೇಳುವ ಅರ್ಜಿ, ಹಾಕಬಹುದು. ನಿಮಗೆ ಬೆಂಗಳೂರಿನವರೆಗೆ ಹೋಗುವ ತಾಪತ್ರಯ ಇಲ್ಲ, ಧಾರವಾಡ ಪೀಠ ಇದೆ. ಅರ್ಜಿದಾರಳು ಮಗಳೇ ಆಗಲಿ. ಮಹಿಳೆಯರಿಗೆ, ಮಕ್ಕಳಿಗೆ ಆದಾಯ ಎಷ್ಟೇ ಇರಲಿ, ಉಚಿತ ಕಾನೂನು ನೆರವು ಪಡೆಯುವ ಹಕ್ಕಿದೆ. ತಾಲ್ಲೂಕು ಕಾನೂನು ಸೇವಾ ಸಮಿತಿಯಲ್ಲಿ ಕೇಳಿ.

ಹೆಸರಿನ ತಪ್ಪು ಇದಕ್ಕಿಂತ ಸುಲಭ. ಶಾಲಾ ದಾಖಲೆಯಲ್ಲಿ ಸರಿಯಿದ್ದು ಅಂಕಪಟ್ಟಿಯಲ್ಲಿ ತಪ್ಪಾಗಿದ್ದರೆ ಮಂಡಳಿ ತಿದ್ದಿಕೊಡಬೇಕು. ಸಿಬಿಎಸ್‌ಇ ವಿರುದ್ಧ ಸುಪ್ರೀಂ ಕೋರ್ಟ್ ಕೊಟ್ಟ 2021ರ ತೀರ್ಪು ಹೆಸರನ್ನು ಮೂಲಭೂತ ಹಕ್ಕಿನ ಭಾಗ ಎಂದೇ ನೋಡಿದೆ. ಅರ್ಜಿಯನ್ನು ಕಾಲೇಜಿನ ಮೂಲಕ ಕೊಡಿ, ಜತೆಗೆ ಶಾಲಾ ದಾಖಲೆಯ ನಕಲು ಇಡಿ, ಸ್ವೀಕೃತಿ ಪಡೆಯದೆ ಬರಬೇಡಿ. ಇನ್ನು ಫೋನ್ ಸಾಕು. ಫೋನಿನಲ್ಲಿ ಕೇಳಿದ್ದಕ್ಕೆ ನಿಮ್ಮ ಹತ್ತಿರ ದಾಖಲೆ ಉಳಿಯುವುದಿಲ್ಲ.

- ಸಂ.