ಅವರು ಬೀಳುತ್ತಿದ್ದದ್ದು ಹೇಗೆ?

ನಮಸ್ಕಾರ.

ಜಪಾನಿನ ನಟ ಸೇಜೊ ಫುಕುಮೊಟೊ ಬಗ್ಗೆ ನೀವು ಕಳಿಸಿದ ಲೇಖನ ಓದಿದೆ. ಈಗಿರುವ ಹಾಗೆ ಹಾಕಲು ಆಗುವುದಿಲ್ಲ. ಆದರೆ ಒಳ್ಳೆಯ ಮನುಷ್ಯನನ್ನು ಹುಡುಕಿದ್ದೀರಿ, ಅದಕ್ಕೇ ಇಷ್ಟುದ್ದ ಬರೆಯುತ್ತಿದ್ದೇನೆ.

ಮೊದಲು ತಲೆಬರಹ. 'ಜಪಾನಿನ ವಜ್ರಮುನಿ' ಬೇಡ. ವಜ್ರಮುನಿ ಹೆಸರು ಇಡೀ ಥಿಯೇಟರಿಗೆ ಗೊತ್ತಿತ್ತು. ಫುಕುಮೊಟೊ ಖಳನಾಯಕನ ಹಿಂದೆ ಕತ್ತಿ ಹಿಡಿದು ನಿಂತ ಹತ್ತು ಜನರಲ್ಲಿ ಒಬ್ಬರು. ನಾಯಕನ ಕತ್ತಿಗೆ ಸಾಯುವುದೇ ಕೆಲಸ. ಅದಕ್ಕೆ ಅಲ್ಲಿ 'ಕಿರಾರೆಯಾಕು' ಅಂತಲೇ ಹೆಸರಿದೆ, ಕಡಿಸಿಕೊಳ್ಳುವ ಪಾತ್ರ ಅಂತ. ಈ ಪದ ನಿಮ್ಮಲ್ಲಿ ಒಂದು ಸಲವೂ ಬಂದಿಲ್ಲವಲ್ಲ!

1943ರಲ್ಲಿ ಹುಟ್ಟಿದರು, 15ನೇ ವಯಸ್ಸಿಗೆ ಕ್ಯೋಟೊದ ತೊಯೆಯ್ ಸ್ಟುಡಿಯೊ ಸೇರಿದರು, 2021ರ ಜನವರಿ 1ರಂದು ತೀರಿಕೊಂಡರು. ಇಷ್ಟಕ್ಕೆ ಎರಡು ಪುಟ ತಿಂದಿದ್ದೀರಿ. ಅವರಿಗೆ ಹೆಸರು ತಂದ 'ಎಬಿಜೋರಿ'ಗೆ ಮಾತ್ರ ಒಂದೇ ಸಾಲು: "ಅದ್ಭುತವಾಗಿ ಬೀಳುತ್ತಿದ್ದರು." ಅದ್ಭುತ ಅಂದರೆ ಹೇಗೆ? ಎಬಿ ಅಂದರೆ ಸಿಗಡಿ. ಏಟು ಬಿದ್ದ ಕೂಡಲೇ ಬೆನ್ನು ಸಿಗಡಿಯ ಹಾಗೆ ಬಿಲ್ಲಾಗುತ್ತದೆ, ಆದರೆ ಹಿಂದಕ್ಕೆ. ಆಮೇಲೆ ಮೈ ನೆಲಕ್ಕೆ. ಹಾಗೆ ಬಾಗಿದಾಗ ಸಾಯುವವನ ಮುಖ ಮೇಲಕ್ಕೆ ತಿರುಗುತ್ತದೆ. ಗುಂಪಿನಲ್ಲಿ ಒಬ್ಬನಾಗಿ ನಿಂತ ನಟನಿಗೆ ಮುಖ ಕಾಣುವ ಆ ಒಂದು ಗಳಿಗೆ ಎಷ್ಟು ದೊಡ್ಡದು, ಅಲ್ವಾ? ನಾನಾಗಿದ್ದರೆ ಲೇಖನ ಇಲ್ಲಿಂದಲೇ ಶುರು ಮಾಡುತ್ತಿದ್ದೆ.

'50 ಸಾವಿರ ಸಲ ಸತ್ತರು' ಎಂಬಲ್ಲಿ 'ಅಂತ ಹೇಳುತ್ತಾರೆ' ಸೇರಿಸಿ. 50 ವರ್ಷಕ್ಕೆ ಹಂಚಿ ನೋಡಿದೆ. ದಿನಕ್ಕೆ ಹೆಚ್ಚುಕಡಿಮೆ ಮೂರು ಸಾವು, ಭಾನುವಾರವೂ ರಜೆ ಇಲ್ಲ!

'ದಿ ಲಾಸ್ಟ್ ಸಮುರಾಯ್' (2003) ಬಂದಾಗ ನೀವು ಟಾಮ್ ಕ್ರೂಸ್ ಹಿಂದೆ ಹೋಗಿಬಿಟ್ಟಿರಿ. ಅದರಲ್ಲಿ ಫುಕುಮೊಟೊ ಬಾಯಿ ಬಿಡದ ಕಾವಲುಗಾರ. ಕ್ರೂಸ್ ಪಾತ್ರ ಸುಮ್ನೆ 'ಬಾಬ್' ಅಂತ ಹೆಸರಿಟ್ಟು ಕರೆಯುತ್ತದೆ. ಕೊನೆಗೆ ಬಾಬ್ ಕ್ರೂಸ್‌ಗೆ ಬೀಳಬೇಕಾದ ಗುಂಡಿಗೆ ಅಡ್ಡ ಬಂದು ಸಾಯುತ್ತಾನೆ. ಹಾಲಿವುಡ್‌ಗೆ ಹೋದರೂ ಸಾವು ತಪ್ಪಲಿಲ್ಲ ನೋಡಿ.

'ಉಜುಮಾಸಾ ಲೈಮ್‌ಲೈಟ್' (2014) ಬಗ್ಗೆ ಜಾಸ್ತಿ ಬೇಕು. ಅಲ್ಲಿ ಅವರೇ ನಾಯಕ, ಮೊದಲ ಸಲ, 71ನೇ ವಯಸ್ಸಿಗೆ. ವರ್ಷಗಟ್ಟಲೆ ನಡೆದ ಟಿವಿ ಸಮುರಾಯ್ ಧಾರಾವಾಹಿ ನಿಂತು, ಕೆಲಸ ಕಳೆದುಕೊಳ್ಳುವ ಮುದಿ ಕಿರಾರೆಯಾಕುವಿನ ಕಥೆ. ನಿಜದಲ್ಲೂ 1969ರಲ್ಲಿ ಶುರುವಾದ 'ಮಿತೊ ಕೋಮೊನ್' ಧಾರಾವಾಹಿ 2011ರಲ್ಲಿ ನಿಂತಿತ್ತು. ಎರಡೂ ನಿಮ್ಮ ಲೇಖನದಲ್ಲಿವೆ, ಬೇರೆ ಬೇರೆ ಪುಟಗಳಲ್ಲಿ. ಪಕ್ಕಪಕ್ಕ ತನ್ನಿ. ಮಾಂಟ್ರಿಯಲ್‌ನ ಫ್ಯಾಂಟೇಸಿಯಾ ಚಿತ್ರೋತ್ಸವದಲ್ಲಿ ಸಿಕ್ಕ ಉತ್ತಮ ನಟ ಪ್ರಶಸ್ತಿಗೆ ಒಂದು ಸಾಲು ಸಾಕು.

ಅವರ ಯಾವುದಾದರೂ ಒಂದು ಸಾವನ್ನು ನಾಲ್ಕೈದು ಸಲ ನೋಡಿ, ಆಮೇಲೆ ಬರೆಯಲು ಕೂರಿ. 800 ಪದ ದಾಟಬೇಡಿ. ಕಾಯುತ್ತಿರುತ್ತೇನೆ.

— ಸಂಪಾದಕ