ಹಾಸನದಲ್ಲಿ ಮಾಡಿಸಿದ ಕನ್ನಡಕದ ದುಡ್ಡು ಆರೋಗ್ಯ ವಿಮೆಯಲ್ಲಿ ಸಿಗುತ್ತಾ?

ಬರೀ ಆಸ್ಪತ್ರೆ ದಾಖಲಾತಿಗೆ ಕೊಡುವ ಮಾಮೂಲಿ ಪಾಲಿಸಿ ಆದರೆ ಸಿಗಲ್ಲ. ಕನ್ನಡಕ, ಕಾಂಟ್ಯಾಕ್ಟ್ ಲೆನ್ಸ್ ಎರಡನ್ನೂ ಅದರಲ್ಲಿ ಸಾಮಾನ್ಯವಾಗಿ ಹೊರಗಿಟ್ಟಿರುತ್ತಾರೆ. ಪವರ್ ತೆಗೆಸುವ ಲೇಸರ್ ಶಸ್ತ್ರಚಿಕಿತ್ಸೆಗೂ 7.5 ಡಯಾಪ್ಟರ್‌ಗಿಂತ (ಕಣ್ಣಿನ ಪವರ್ ಅಳೆಯುವ ಮಾನ) ಕಡಿಮೆ ದೋಷವಿದ್ದರೆ ದುಡ್ಡು ಬರಲ್ಲ. ಕಣ್ಣಿನ ಪೊರೆ ಬೇರೆ ಲೆಕ್ಕ: ಹಲವು ವಿಮಾ ಕಂಪನಿಗಳು ಒಂದೇ ನಿಯಮದಲ್ಲಿ ಕೊಡುವ ಆರೋಗ್ಯ ಸಂಜೀವಿನಿ ಪಾಲಿಸಿಯಲ್ಲಿ 24 ತಿಂಗಳು ಕಾದ ಮೇಲೆ, ಒಂದು ಕಣ್ಣಿಗೆ ವಿಮಾ ಮೊತ್ತದ ಶೇ. 25 ಅಥವಾ ₹40,000, ಯಾವುದು ಕಡಿಮೆಯೋ ಅಷ್ಟು.

ಕನ್ನಡಕಕ್ಕೆ ದಾರಿ ಅಂದರೆ ಪಾಲಿಸಿಯಲ್ಲಿ ಒಪಿಡಿ (ಆಸ್ಪತ್ರೆಗೆ ದಾಖಲಾಗದೆ ಮಾಡುವ ಖರ್ಚಿನ) ಸೌಲಭ್ಯ ಅಥವಾ ನೀವು ಕೆಲಸ ಮಾಡುವ ಕಂಪನಿಯ ಗುಂಪು ವಿಮೆ. ಅಲ್ಲೂ ಮಿತಿ ನೋಡಿ. ಉದಾಹರಣೆಗೆ ಒಟ್ಟು ಮಿತಿ ₹5,000, ಫ್ರೇಮಿಗೆ ₹2,000 ಅಂತಿದ್ದು, ನಿಮ್ಮ ಬಿಲ್ಲು ಫ್ರೇಮ್ ₹3,500, ಲೆನ್ಸ್ ₹2,400 ಆದರೆ ಕೈಗೆ ಬರೋದು ₹4,400.

ಕ್ಲೇಮು ತಿರಸ್ಕಾರ ಆಗೋದು ಹೆಚ್ಚಾಗಿ ಕಾಗದಪತ್ರದ ತಪ್ಪಿನಿಂದಲೇ. ಬಿ.ಎಂ. ರಸ್ತೆಯ ಅಂಗಡಿಯಲ್ಲಿ ಮುಂಗಡ ಕೊಟ್ಟಾಗ ಸಿಗುವ ಆರ್ಡರ್ ಚೀಟಿ ಬಿಲ್ಲಲ್ಲ. ಜಿಎಸ್‌ಟಿ ಸಂಖ್ಯೆಯಿರುವ ಬಿಲ್ಲಿನಲ್ಲಿ ಫ್ರೇಮು, ಲೆನ್ಸು ಬೇರೆ ಬೇರೆ ಬರೆಸಿ; ಹೆಸರು ಪಾಲಿಸಿಯಲ್ಲಿರುವ ಹಾಗೇ ಇರಲಿ. ವೈದ್ಯರ ಚೀಟಿಯಲ್ಲಿ ಎರಡೂ ಕಣ್ಣಿನ ಪವರ್, ಸಹಿ ಬೇಕು, ದಿನಾಂಕ ಬಿಲ್ಲಿಗಿಂತ ಮುಂಚಿನದಿರಬೇಕು. ಅಂಗಡಿಯ ಕಂಪ್ಯೂಟರ್ ತಪಾಸಣೆಯ ಪ್ರಿಂಟು ಸಾಲದೇ ಹೋಗಬಹುದು, ಕೊಳ್ಳುವ ಮೊದಲೇ ಕೇಳಿಕೊಳ್ಳಿ.